ರೆಪೊ ದರದ ಗೃಹಸಾಲ: 71 ಕಂತು ಕಟ್ಟಿದ ಮೇಲೆ ಬರೆಯುತ್ತಿರುವುದು

ಮೈಸೂರಿನ ಬೋಗಾದಿ ಕಡೆ 20x30 ಸೈಟಿನಲ್ಲಿದ್ದ ಮನೆಯೊಂದನ್ನು 2020ರ ಜನವರಿಯಲ್ಲಿ ಕೊಂಡೆವು. ಬೆಲೆ 42 ಲಕ್ಷ. ಅದರಲ್ಲಿ 30 ಲಕ್ಷ ಬ್ಯಾಂಕ್ ಸಾಲ, 20 ವರ್ಷದ ಅವಧಿ. ಬ್ಯಾಂಕಿನ ಹೆಸರು ಇಲ್ಲಿ ಬೇಡ. ರೆಪೊ ದರಕ್ಕೆ, ಅಂದರೆ ರಿಸರ್ವ್ ಬ್ಯಾಂಕ್ ಬೇರೆ ಬ್ಯಾಂಕುಗಳಿಗೆ ಸಾಲ ಕೊಡುವ ದರಕ್ಕೆ, ಜೋಡಿಸಿದ ಸಾಲ ಯಾವ ಬ್ಯಾಂಕಿನದಾದರೂ ಹೆಚ್ಚುಕಮ್ಮಿ ಹೀಗೇ ನಡೆಯುತ್ತದೆ. ಸಾಲ ತೆಗೆದುಕೊಂಡ ಹೊಸದರಲ್ಲಿ ಯಾರನ್ನು ಕೇಳಿದರೂ ಚೆನ್ನಾಗಿದೆ ಅಂತಾರೆ. ಆರು ವರ್ಷ ಕಟ್ಟಿದ ಮೇಲೆ ಗೊತ್ತಾಗುವ ವಿಷಯಗಳೇ ಬೇರೆ. ಅದಕ್ಕೇ ಇಷ್ಟು ದಿನ ಕಾದು ಬರೆಯುತ್ತಿದ್ದೇನೆ.

ಮೊದಲು ಕೈಯಿಂದ ಹೋದ ದುಡ್ಡು. 12 ಲಕ್ಷ ನಮ್ಮದು ಅಂತ ಲೆಕ್ಕ ಹಾಕಿಕೊಂಡಿದ್ದೆವು. ಅದರ ಮೇಲೆ ನೋಂದಣಿ ಖರ್ಚು ಬಂತು. ಸ್ಟಾಂಪ್ ಡ್ಯೂಟಿ ಶೇ. 5, ಅದರ ಮೇಲೆ ಸೆಸ್ಸು ಮತ್ತು ಸರ್ಚಾರ್ಜು, ಜೊತೆಗೆ ಆಗಿನ ನೋಂದಣಿ ಶುಲ್ಕ ಶೇ. 1. ಎಲ್ಲ ಸೇರಿ 2,77,200 ರೂಪಾಯಿ. ಇದಕ್ಕೆ ಬ್ಯಾಂಕ್ ಸಾಲ ಕೊಡುವುದಿಲ್ಲ, ಪೂರ್ತಿ ನಮ್ಮ ಜೇಬಿನಿಂದಲೇ ಹೋಗಬೇಕು. ಈಗ ಕೊಳ್ಳುವವರಿಗೆ ಇನ್ನೂ ಜಾಸ್ತಿ. 2025ರ ಆಗಸ್ಟ್ 31ರಿಂದ ಕರ್ನಾಟಕದಲ್ಲಿ ನೋಂದಣಿ ಶುಲ್ಕ ಶೇ. 2 ಆಗಿದೆ. ಪ್ರೊಸೆಸಿಂಗ್ ಫೀ, ವಕೀಲರ ಲೀಗಲ್ ಒಪೀನಿಯನ್, ವ್ಯಾಲ್ಯುಯೇಷನ್, ಪತ್ರ ಅಡಮಾನದ ಸ್ಟಾಂಪು ಅಂತ ಸಣ್ಣ ಸಣ್ಣ ಖರ್ಚುಗಳೂ ಬರುತ್ತಾ ಇದ್ದವು.

ಸಹಿ ಹಾಕುವ ದಿನ ಇನ್ನೊಂದು ಫಾರಂ ಮುಂದಿಟ್ಟರು. ಸಾಲಕ್ಕೆ ಇನ್ಶೂರೆನ್ಸು, ಒಂದೇ ಸಲದ ಪ್ರೀಮಿಯಂ 94,000. 'ಈಗ ಕೊಡಬೇಕಾಗಿಲ್ಲ ಸರ್, ಸಾಲಕ್ಕೇ ಸೇರಿಸ್ತೀವಿ' ಅಂದರು. ಹಾಗೆ ಸೇರಿಸಿದರೆ ಆ 94,000ಕ್ಕೂ 20 ವರ್ಷ ಬಡ್ಡಿ. ಶೇ. 8ರಲ್ಲಿ ಅದು ಸುಮಾರು 1.89 ಲಕ್ಷ ಆಗುತ್ತದೆ. ನನ್ನ ಹೆಂಡತಿ 'ಇದು ಕಡ್ಡಾಯವಾ?' ಅಂತ ನೇರವಾಗಿ ಕೇಳಿದಳು. ಅಲ್ಲ ಅಂತ ಒಪ್ಪಿಕೊಂಡರು. ನಾವು ಬೇರೆ ಟರ್ಮ್ ಪಾಲಿಸಿ ಮಾಡಿಸಿದೆವು. ಮನೆ ಸಾಲ ಇರುವವರಿಗೆ ಇನ್ಶೂರೆನ್ಸ್ ಬೇಕೇ ಬೇಕು, ಅದರಲ್ಲಿ ನನಗೆ ಅನುಮಾನ ಇಲ್ಲ. ಆದರೆ ಅದನ್ನು ಸಾಲದ ಒಳಗೆ ಸೇರಿಸಬೇಡಿ.

ಇನ್ನು ಸಾಲದ ವಿಷಯ. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಕೊಡುವ ಹೊಸ ಫ್ಲೋಟಿಂಗ್ (ಬಡ್ಡಿದರ ಬದಲಾಗುತ್ತಾ ಇರುವ) ಗೃಹಸಾಲಗಳನ್ನು ರೆಪೊ ದರದಂಥ ಹೊರಗಿನ ದರಕ್ಕೇ ಜೋಡಿಸಬೇಕು ಅಂತ ರಿಸರ್ವ್ ಬ್ಯಾಂಕಿನ ನಿಯಮ ಇದೆ. ನಾನು ಸಾಲ ತೆಗೆದಾಗ ರೆಪೊ 5.15 ಇತ್ತು. ಅದರ ಮೇಲೆ ಬ್ಯಾಂಕಿನ ಪಾಲು 2.85. ಒಟ್ಟು ಶೇ. 8. ಕಂತು 25,093 ರೂಪಾಯಿ.

ಮೊದಲನೇ ಕಂತು ಫೆಬ್ರವರಿಯಲ್ಲಿ ಹೋಯಿತು. ಸ್ಟೇಟ್‌ಮೆಂಟ್ ತೆಗೆದು ನೋಡಿದೆ. 25,093ರಲ್ಲಿ ಬಡ್ಡಿಗೆ 20,000, ಅಸಲಿಗೆ 5,093. ಎದೆ ಒಂದು ಸಲ ಧಸಕ್ ಅಂತು. ಆದರೂ ಇದರಲ್ಲಿ ಮೋಸ ಏನೂ ಇಲ್ಲ. 30 ಲಕ್ಷಕ್ಕೆ ಶೇ. 8 ಅಂದರೆ ವರ್ಷಕ್ಕೆ 2.4 ಲಕ್ಷ, ತಿಂಗಳಿಗೆ 20,000. ಅಸಲು ಕರಗಿದ ಹಾಗೆ ಬಡ್ಡಿ ಕಮ್ಮಿ ಆಗುತ್ತದೆ, ಅಸಲಿಗೆ ಹೋಗುವ ಪಾಲು ಬೆಳೆಯುತ್ತದೆ. ದರ ಹಾಗೇ ಇದ್ದಿದ್ದರೆ 240 ಕಂತಿಗೆ 60.22 ಲಕ್ಷ ಕಟ್ಟಬೇಕಿತ್ತು. ಅಂದರೆ ತೆಗೆದುಕೊಂಡ ಸಾಲ ಒಂದು, ಇನ್ನೊಂದು ಅಷ್ಟೇ ದುಡ್ಡು ಬಡ್ಡಿಗೆ. ಇಷ್ಟು ಗೊತ್ತಿದ್ದೇ ಸಹಿ ಹಾಕಿದ್ದೆವು.

ಗೊತ್ತಿರದೇ ಇದ್ದದ್ದು ಮುಂದೆ ಬಂತು.

ಕೊರೊನಾ ಬಂದ ಮೇಲೆ ರಿಸರ್ವ್ ಬ್ಯಾಂಕ್ ರೆಪೊ ದರವನ್ನು 2020ರ ಮಾರ್ಚ್‌ನಲ್ಲಿ 4.40ಕ್ಕೆ, ಮೇನಲ್ಲಿ 4ಕ್ಕೆ ಇಳಿಸಿತು. ನನ್ನ ಬಡ್ಡಿ 6.85ಕ್ಕೆ ಬಂತು. ಕಂತು ಮಾತ್ರ ಅದೇ 25,093. ದರ ಇಳಿದರೆ ಕಂತು ಇಳಿಸದೆ ಅವಧಿಯನ್ನು ಕಡಿಮೆ ಮಾಡುವುದು ಬ್ಯಾಂಕಿನವರ ಪದ್ಧತಿ. ಅದು ನಮಗೂ ಒಳ್ಳೆಯದೇ. 2022ರ ಜೂನ್ ಹೊತ್ತಿಗೆ ಇನ್ನು 174 ತಿಂಗಳು ಬಾಕಿ ಇತ್ತು. ಮೊದಲಿನ ಲೆಕ್ಕದಲ್ಲಿ 211 ಇರಬೇಕಿತ್ತು. ಸುಮ್ನೆ ಕೂತಲ್ಲೇ ಮೂರು ವರ್ಷ ಕಡಿಮೆಯಾಗಿತ್ತು. ನನಗೆ ಖುಷಿಯಾಗಿ ಸಾಲದ ಕಡೆ ನೋಡುವುದನ್ನೇ ಬಿಟ್ಟೆ. ಇದೇ ನಾನು ಮಾಡಿದ ದೊಡ್ಡ ತಪ್ಪು.

ಕೊರೊನಾ ಕಾಲದ ಆರು ತಿಂಗಳ ಕಂತು ವಿನಾಯಿತಿ ಬಗ್ಗೆ ಎರಡು ಮಾತು. ನನ್ನ ಜೊತೆ ಕೆಲಸ ಮಾಡುವವರೊಬ್ಬರು ತೆಗೆದುಕೊಂಡಿದ್ದರು. ಕಂತು ನಿಂತರೂ ಬಡ್ಡಿ ನಿಲ್ಲಲಿಲ್ಲ, ಆರು ತಿಂಗಳ ಬಡ್ಡಿ ಅಸಲಿಗೇ ಸೇರಿತು. ಸರ್ಕಾರ ಮತ್ತು ಸುಪ್ರೀಂ ಕೋರ್ಟ್‌ನಿಂದ ಪರಿಹಾರ ಸಿಕ್ಕಿದ್ದು ಬಡ್ಡಿಯ ಮೇಲಿನ ಬಡ್ಡಿಗೆ ಮಾತ್ರ. ಸಂಬಳವೇ ಇಲ್ಲದವರಿಗೆ ಬೇರೆ ದಾರಿ ಇರಲಿಲ್ಲ, ನಿಜ. ಆದರೆ ಸಂಬಳ ಬರುತ್ತಿದ್ದವರೂ ಅದನ್ನು ರಜೆ ಅಂದುಕೊಂಡರು.

2022ರ ಮೇನಿಂದ ದರ ಏರತೊಡಗಿತು. 4.40, 4.90, 5.40, 5.90, 6.25, ಕೊನೆಗೆ 2023ರ ಫೆಬ್ರವರಿಯಲ್ಲಿ 6.50. ಒಂಬತ್ತು ತಿಂಗಳಲ್ಲಿ ಎರಡೂವರೆ ಪರ್ಸೆಂಟು. ನನ್ನ ಬಡ್ಡಿ 2023ರ ಏಪ್ರಿಲ್‌ನಲ್ಲಿ 9.35 ಆಯಿತು. ಫೋನಿಗೆ ಮೆಸೇಜ್ ಬರುತ್ತಾ ಇತ್ತು, 'ನಿಮ್ಮ ಸಾಲದ ಬಡ್ಡಿದರ ಬದಲಾಗಿದೆ' ಅಂತ. ಖಾತೆಯಿಂದ ಕಡಿತವಾಗುವುದು ಮಾತ್ರ ಅದೇ 25,093. ಹಾಗಾಗಿ ಏನೂ ಆಗಿಲ್ಲ ಅಂತಲೇ ನಾನು ಅಂದುಕೊಂಡಿದ್ದೆ.

ಆ ಏಪ್ರಿಲ್‌ನಲ್ಲಿ ಟ್ಯಾಕ್ಸ್ ಲೆಕ್ಕಕ್ಕೆ ಬಡ್ಡಿ ಸರ್ಟಿಫಿಕೇಟ್ ಬೇಕಾಗಿತ್ತು. ರಾತ್ರಿ ಊಟ ಆದಮೇಲೆ ಹೆಂಡತಿ ಬ್ಯಾಂಕಿನ ಆಪ್ ತೆರೆದು ನೋಡುತ್ತಿದ್ದಳು. 'ರೀ, 237 ತಿಂಗಳು ಅಂದ್ರೆ ಎಷ್ಟು ವರ್ಷ?' ಅಂದಳು. ಇಪ್ಪತ್ತಕ್ಕೆ ಮೂರು ತಿಂಗಳು ಕಮ್ಮಿ ಅಂದೆ. 'ಮತ್ತೆ ಬಾಕಿ ಅವಧಿ ಅಂತ ಅದನ್ನೇ ತೋರಿಸ್ತಿದೆಯಲ್ಲ!' ಅಂದಳು.

ನಾನು ನಂಬಲಿಲ್ಲ. ಹಾಳೆ ತೆಗೆದುಕೊಂಡು ಇಬ್ಬರೂ ಲೆಕ್ಕ ಹಾಕಿದೆವು. ಅಲ್ಲಿಯವರೆಗೆ 38 ಕಂತು, 9.53 ಲಕ್ಷ ಕಟ್ಟಿದ್ದೆವು. ಅದರಲ್ಲಿ ಅಸಲಿಗೆ ಹೋಗಿದ್ದು 2.91 ಲಕ್ಷ. ಇನ್ನೂ 27.09 ಲಕ್ಷ ಬಾಕಿ. ಆ ತಿಂಗಳ ಕಂತಿನಲ್ಲಿ ಬಡ್ಡಿಗೆ 21,105, ಅಸಲಿಗೆ 3,988. ಮೂರು ವರ್ಷದ ಹಿಂದಿನ ಮೊಟ್ಟಮೊದಲ ಕಂತಿನಲ್ಲೇ ಅಸಲಿಗೆ 5,093 ಹೋಗಿತ್ತು ಅಲ್ವಾ? ಮೂರು ವರ್ಷ ಒಂದು ತಿಂಗಳೂ ತಪ್ಪದೆ ಕಟ್ಟಿ ನಾವು ಹಿಂದಕ್ಕೆ ಬಂದಿದ್ದೆವು. 2036ರ ಕೊನೆಗೆ ಮುಗಿಯುತ್ತೆ ಅಂದುಕೊಂಡಿದ್ದ ಸಾಲ 2042ರ ಡಿಸೆಂಬರ್‌ಗೆ ಹೋಗಿ ಕೂತಿತ್ತು. ಆ ಹೊತ್ತಿಗೆ ನನಗೆ 59 ವರ್ಷ ಆಗಿರುತ್ತದೆ. ರಿಟೈರ್ ಆಗುವುದರೊಳಗೆ ಮುಗಿಯುತ್ತೆ ಅನ್ನುವ ಕಾರಣಕ್ಕೆ ಬ್ಯಾಂಕಿನವರು ಕಂತನ್ನು ಮುಟ್ಟಿರಲಿಲ್ಲ. ಅವಧಿಯನ್ನು ಮಾತ್ರ ಎಳೆದಿದ್ದರು. ಅವಧಿ ಇಷ್ಟಾಯಿತು ಅಂತ ಒಂದು ಮೆಸೇಜಿನಲ್ಲೂ ಇರಲಿಲ್ಲ. ಈ ಒಂದು ವಿಷಯಕ್ಕೆ ನನಗೆ ಇವತ್ತಿಗೂ ಸಿಟ್ಟಿದೆ.

ಅದೇ 2023ರ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕ್ ಒಂದು ಸುತ್ತೋಲೆ ಹೊರಡಿಸಿತು. ದರ ಬದಲಾದಾಗ ಕಂತಿಗೆ ಮತ್ತು ಅವಧಿಗೆ ಏನಾಗುತ್ತದೆ ಅಂತ ಬ್ಯಾಂಕ್ ತಿಳಿಸಬೇಕು. ಕಂತು ಏರಿಸಬೇಕಾ, ಅವಧಿ ಏರಿಸಬೇಕಾ, ಎರಡನ್ನೂ ಸ್ವಲ್ಪ ಸ್ವಲ್ಪ ಏರಿಸಬೇಕಾ ಅಂತ ಸಾಲಗಾರ ಹೇಳಬಹುದು. ಮೂರು ತಿಂಗಳಿಗೊಮ್ಮೆ ಕೊಡುವ ಸ್ಟೇಟ್‌ಮೆಂಟಿನಲ್ಲಿ ಎಷ್ಟು ಕಂತು ಬಾಕಿ ಅನ್ನುವುದೂ ಇರಬೇಕು. ಹಳೆಯ ಸಾಲಗಳಿಗೂ ಆ ಡಿಸೆಂಬರ್ ಒಳಗೆ ಇದು ಜಾರಿಯಾಗಬೇಕಿತ್ತು.

ಡಿಸೆಂಬರ್‌ನಲ್ಲಿ ಶಾಖೆಗೆ ಹೋದೆ. ಮ್ಯಾನೇಜರ್ ಒಳ್ಳೆಯವರು, ಕೂರಿಸಿ ಮಾತಾಡಿದರು. 'ಕಂತು ಏರಿಸಿದರೆ ಮನೆ ಖರ್ಚಿಗೆ ಕಷ್ಟ ಆಗಲ್ವಾ ಸರ್? ಹೀಗೇ ಇರಲಿ ಬಿಡಿ' ಅಂದರು. ಕಾಳಜಿಯಿಂದಲೇ ಹೇಳಿರಬಹುದು. ಆದರೆ ಹಾಗೇ ಬಿಟ್ಟರೆ ಇನ್ನೂ 228 ಕಂತು, 57 ಲಕ್ಷ ಕಟ್ಟಬೇಕು ಅಂತ ಲೆಕ್ಕ ತೋರಿಸಿದೆ. ಆಮೇಲೆ ಅವರೇ ಫಾರಂ ಕೊಟ್ಟರು.

ಹೆಂಡತಿಯ ಚೀಟಿ ಆಗಷ್ಟೇ ಬಂದಿತ್ತು. 2024ರ ಜನವರಿಯಲ್ಲಿ ಅದರಿಂದ 2 ಲಕ್ಷವನ್ನು ನೇರ ಅಸಲಿಗೆ ಕಟ್ಟಿದೆವು. ಕಂತನ್ನು 30,000ಕ್ಕೆ ಏರಿಸಿದೆವು. ಫಲ ಏನು ಅಂತ ನೋಡಿ. ಆ 2 ಲಕ್ಷ ಒಂದರಿಂದಲೇ 228 ತಿಂಗಳು 188ಕ್ಕೆ ಇಳಿಯುತ್ತಿತ್ತು. 40 ಕಂತು ಅಂದರೆ 10 ಲಕ್ಷ. ಕಂತೂ ಏರಿಸಿದ್ದರಿಂದ 133ಕ್ಕೆ ಇಳಿಯಿತು. ತಿಂಗಳಿಗೆ ಐದು ಸಾವಿರ ಚಿಲ್ಲರೆ ಜಾಸ್ತಿ ಕೊಟ್ಟು, ಒಂದು ಚೀಟಿ ದುಡ್ಡು ಹಾಕಿ, ಸುಮಾರು ಎಂಟು ವರ್ಷ ತೆಗೆದುಹಾಕಿದೆವು. ಮುಂದೆ ಕಟ್ಟಬೇಕಾದ 57 ಲಕ್ಷ, ಆ 2 ಲಕ್ಷವೂ ಸೇರಿ, ಸುಮಾರು 42 ಲಕ್ಷಕ್ಕೆ ಬಂತು. ಇದಕ್ಕೆ ಬ್ಯಾಂಕಿಗೆ ಒಂದು ಪೈಸೆ ದಂಡ ಕಟ್ಟಲಿಲ್ಲ. ಫ್ಲೋಟಿಂಗ್ ದರದ ಗೃಹಸಾಲವನ್ನು ಮುಂಚೆ ತೀರಿಸಿದರೆ ಬ್ಯಾಂಕುಗಳು ದಂಡ ಹಾಕುವ ಹಾಗಿಲ್ಲ ಅಂತ ರಿಸರ್ವ್ ಬ್ಯಾಂಕ್ 2012ರಲ್ಲೇ ಹೇಳಿದೆ. ಈ ಸಾಲದಲ್ಲಿ ನನಗೆ ಅತಿ ಹೆಚ್ಚು ಇಷ್ಟವಾದ ಗುಣ ಇದು. ಒಂದು ಎಚ್ಚರಿಕೆ: ದುಡ್ಡು ಕಟ್ಟುವಾಗ 'ಅವಧಿ ಕಡಿಮೆ ಮಾಡಿ, ಕಂತು ಅಲ್ಲ' ಅಂತ ಬರೆದೇ ಕೊಡಿ. ಬಾಯಲ್ಲಿ ಹೇಳಿ ಬಂದರೆ ಸಾಲದು.

'ಟ್ಯಾಕ್ಸ್ ಉಳಿಯುತ್ತೆ, ಸಾಲ ಇರಲಿ ಬಿಡು' ಅಂತ ಹೇಳುವವರು ಬಹಳ ಜನ ಇದ್ದಾರೆ. ನಮ್ಮಪ್ಪನೂ ಹಾಗೇ ಹೇಳುತ್ತಿದ್ದರು. ಹಳೆಯ ತೆರಿಗೆ ಪದ್ಧತಿಯಲ್ಲಿ ನಾವೇ ವಾಸ ಇರುವ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ರಿಯಾಯಿತಿ ಇದೆ. ಶೇ. 20ರ ಹಂತದಲ್ಲಿರುವವರಿಗೆ ಉಳಿಯುವುದು ಸೆಸ್ಸು ಸೇರಿ 41,600. ಅದಕ್ಕೆ ಕೊಡಬೇಕಾದ ಬಡ್ಡಿ 2 ಲಕ್ಷ. ಹೊಸ ಪದ್ಧತಿಯಲ್ಲಂತೂ ವಾಸದ ಮನೆಗೆ ಈ ರಿಯಾಯಿತಿಯೇ ಇಲ್ಲ. ಅದಕ್ಕೆ ಹೋದ ಮೇಲೆ ನಮಗೆ ಈ ಮಾತೇ ಮುಗಿದುಹೋಯಿತು.

ಮನೆಯ ಖರ್ಚೂ ಇದೆ. 2022ರ ಮಳೆಗಾಲದಲ್ಲಿ ತಾರಸಿ ಸೋರಿತು. ವಾಟರ್‌ಪ್ರೂಫಿಂಗ್‌ಗೆ 68,000 ಹೋಯಿತು. ಸಂಪಿನ ಮೋಟರು ಎರಡು ಸಲ ಸುಟ್ಟಿತು. ಕಂದಾಯ, ಸುಣ್ಣಬಣ್ಣ ಅಂತ ವರ್ಷಕ್ಕೆ ಏನಾದರೂ ಒಂದು ಇದ್ದೇ ಇರುತ್ತದೆ. ಬಾಡಿಗೆ ಮನೆಯಲ್ಲಿ ಇದ್ಯಾವುದೂ ನಮ್ಮ ತಲೆನೋವಾಗಿರಲಿಲ್ಲ. ಸಂಬಳದಲ್ಲಿ ಎಷ್ಟು ಕಂತು ಕಟ್ಟಬಹುದು ಅಂತ ನೋಡುವಾಗ ಇದಕ್ಕೂ ತಿಂಗಳಿಗೆ ಎರಡು ಮೂರು ಸಾವಿರ ಎತ್ತಿಡಿ.

2025ರಲ್ಲಿ ದರ ಮತ್ತೆ ಇಳಿಯಿತು. ಫೆಬ್ರವರಿಯಲ್ಲಿ 6.25, ಏಪ್ರಿಲ್‌ನಲ್ಲಿ 6, ಜೂನ್‌ನಲ್ಲಿ 5.50, ಡಿಸೆಂಬರ್‌ನಲ್ಲಿ 5.25. ನನ್ನದು ಈಗ 8.10. ಕಂತು 30,000 ಹಾಗೇ ಬಿಟ್ಟಿದ್ದೇವೆ. ಹಾಲಿನ ಲೆಕ್ಕ, ಸಿಲಿಂಡರ್ ಬಂದ ತಾರೀಕು ಬರೆಯುವ ಅಡುಗೆಮನೆ ಕ್ಯಾಲೆಂಡರಿನಲ್ಲೇ ಹೆಂಡತಿ ಮೂರು ತಿಂಗಳಿಗೊಮ್ಮೆ ಬಾಕಿ ತಿಂಗಳನ್ನೂ ಬರೆಯುತ್ತಾಳೆ. ಡಿಸೆಂಬರ್ ಕಂತಿಗೆ 71 ಮುಗಿದವು. ಜನವರಿಯ ಪುಟದಲ್ಲಿ 100 ಅಂತ ಬರೆದಿದ್ದಾಳೆ. ಇಲ್ಲಿಯವರೆಗೆ ಸುಮಾರು 21 ಲಕ್ಷ ಕಟ್ಟಿದ್ದೇವೆ. ಅದರಲ್ಲಿ ಬಡ್ಡಿಯೇ 12.7 ಲಕ್ಷ. ದರ ಹೀಗೇ ಇದ್ದರೆ ಇನ್ನು 30 ಲಕ್ಷ. 30 ಲಕ್ಷದ ಸಾಲದ ನಿಜವಾದ ಬೆಲೆ ನಮ್ಮ ಪಾಲಿಗೆ 51 ಲಕ್ಷ. ಮೊದಲ ದಿನದ 60ಕ್ಕಿಂತ ಕಮ್ಮಿ. ಆದರೆ ದರ ಮತ್ತೆ ಏರಬಹುದು. ಏರಿದರೆ ಈ ಸಲ ಕಂತು ಏರಿಸಿ ಅಂತಲೇ ಬರೆದುಕೊಡುತ್ತೇವೆ.

ಅಂಕ ಕೊಡು ಅಂದರೆ ಐದಕ್ಕೆ ಮೂರು ಕೊಡುತ್ತೇನೆ. ಮುಂಚೆ ತೀರಿಸಲು ದಂಡ ಇಲ್ಲ, ದರ ಇಳಿದಾಗ ಲಾಭ ಮೂರು ತಿಂಗಳೊಳಗೆ ನಮಗೆ ಸಿಗುತ್ತದೆ, ಇವೆರಡೂ ಬಹಳ ದೊಡ್ಡ ವಿಷಯ. ಹಳೆಯ ಬೇಸ್ ರೇಟ್ (ಬ್ಯಾಂಕೇ ನಿಗದಿ ಮಾಡುವ ದರದ) ಸಾಲ ಇರುವ ನನ್ನ ಹಿರಿಯ ಸಹೋದ್ಯೋಗಿಗೆ ರೆಪೊ ಇಳಿದ ಲಾಭ ತಿಂಗಳುಗಟ್ಟಲೆ ತಲುಪಿರಲಿಲ್ಲ. ಎರಡು ಅಂಕ ಕಳೆದಿದ್ದು ಆ 237ಕ್ಕೆ.

ಸಾಲ ತೀರಿದ ಮೇಲೂ ಒಂದು ಕೆಲಸ ಬಾಕಿ ಇರುತ್ತದೆ. ಮೂಲ ಕ್ರಯಪತ್ರ ಬ್ಯಾಂಕಿನಲ್ಲಿರುತ್ತದೆ. 2023ರ ಡಿಸೆಂಬರ್ 1ರಿಂದ ಈಚೆಗೆ ತೀರಿದ ಸಾಲಗಳಿಗೆ 30 ದಿನದೊಳಗೆ ಪತ್ರ ವಾಪಸ್ ಕೊಡಬೇಕು, ಬ್ಯಾಂಕಿನಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ನಮಗೆ ಕೊಡಬೇಕು. ಪತ್ರ ಕೈಗೆ ಬಂದರೆ ಮುಗಿಯಲಿಲ್ಲ. ಸಬ್ ರಿಜಿಸ್ಟ್ರಾರ್ ಆಫೀಸಿನಲ್ಲಿ ಅಡಮಾನ ಬಿಡುಗಡೆ ಮಾಡಿಸಿ, ಇಸಿಯಲ್ಲಿ (ಋಣಭಾರ ಪತ್ರದಲ್ಲಿ) ಅದು ಬಂದಿದೆಯಾ ಅಂತ ನೋಡಿಕೊಳ್ಳಬೇಕು. ಅಲ್ಲಿಯವರೆಗೆ ಕ್ರಯಪತ್ರದ ಒಂದು ಸರ್ಟಿಫೈಡ್ ಕಾಪಿ ತೆಗೆಸಿ ಮನೆಯಲ್ಲಿ ಇಟ್ಟುಕೊಳ್ಳಿ. ನಾವು ಇಟ್ಟುಕೊಂಡಿದ್ದೇವೆ.