10 ಪರ್ಸೆಂಟ್ ಯೂರಿಯಾ ಕ್ರೀಮ್: ಒಂದೂವರೆ ವರ್ಷ ಹಚ್ಚಿದ ಮೇಲೆ

ಮೊದಲು ಜಿಗುಟಿನ ವಿಷಯ ಹೇಳಿಬಿಡುತ್ತೇನೆ. ಮೇ ತಿಂಗಳಲ್ಲಿ ಮುಂಬೈ ಹತ್ತಿರದ ಈ ಡೊಂಬಿವಲಿ ಹೇಗಿರುತ್ತದೆ ಅಂತ ಇಲ್ಲಿರುವವರಿಗೆ ಗೊತ್ತಲ್ವಾ. ಬೆಳಿಗ್ಗೆ ಸ್ನಾನ ಮಾಡಿ ಈ ಕ್ರೀಮ್ ಹಚ್ಚಿ ಲೋಕಲ್ ಟ್ರೇನ್ ಹತ್ತಿದರೆ, ಥಾಣೆ ಸ್ಟೇಷನ್ ಬರುವಷ್ಟರಲ್ಲಿ ಕುರ್ತಾದ ತೋಳು ಮೈಗೆ ಅಂಟಿಕೊಂಡಿರುತ್ತಿತ್ತು. ಲೇಡೀಸ್ ಡಬ್ಬದ ನೂಕಾಟದಲ್ಲಿ ನನ್ನ ಕೈ ತಾಗಿದವರು ಕರ್ಚೀಫಿನಿಂದ ಒರೆಸಿಕೊಂಡಿದ್ದೂ ಇದೆ. ಆ ದಿನ ಟ್ಯೂಬ್ ಬಿಸಾಡಬೇಕು ಅನ್ನಿಸಿತ್ತು.

ಬಿಸಾಡಲಿಲ್ಲ. ಯಾಕಂದರೆ ಚಿಕ್ಕಂದಿನಿಂದ ನನ್ನ ತೋಳು ತರಿತರಿ, ಮುಟ್ಟಿದರೆ ರವೆ ಮುಟ್ಟಿದ ಹಾಗೆ. ಕೊಳೆ ಅಂದುಕೊಂಡು ಅವ್ವ ಕಡಲೆಹಿಟ್ಟು ಹಾಕಿ ತಿಕ್ಕುತ್ತಿದ್ದಳು. ದೊಡ್ಡವಳಾದ ಮೇಲೆ ನಾನೇ ಸ್ಕ್ರಬ್ ತಂದು ಉಜ್ಜಿದೆ. ಕೆಂಪಾಗಿ ಉರಿ ಬಂತೇ ಹೊರತು ಒಂದು ಗುಳ್ಳೆಯೂ ಹೋಗಲಿಲ್ಲ.

ಡಾಕ್ಟರ್ ನೋಡಿ, ಇದು ಕೆರಟೋಸಿಸ್ ಪಿಲಾರಿಸ್ ಅಂದರು. ಕೂದಲು ಹೊರಬರುವ ಸಣ್ಣ ರಂಧ್ರದಲ್ಲಿ ಕೆರಾಟಿನ್ ಅನ್ನುವ ಚರ್ಮದ ಪ್ರೋಟೀನ್ ಗಟ್ಟಿಯಾಗಿ ಬಿರಡೆಯ ಹಾಗೆ ಕೂತಿರುತ್ತದಂತೆ. ಅಂಟುರೋಗ ಅಲ್ಲ, ಕೊಳೆಯೂ ಅಲ್ಲ, ಹೆಚ್ಚಾಗಿ ಮನೆತನದಲ್ಲೇ ಬರುತ್ತದೆ. ಯೂರಿಯಾ ಚರ್ಮದಲ್ಲಿ ನೀರು ಹಿಡಿದಿಟ್ಟು ಆ ಬಿರಡೆಯನ್ನು ಮೆತ್ತಗೆ ಮಾಡುತ್ತದೆ. ಪೂರ್ತಿ ವಾಸಿ ಆಗುತ್ತದೆ ಅಂತ ಅವರೂ ಹೇಳಲಿಲ್ಲ.

ಬೆಳಗಿನ ಬದಲು ರಾತ್ರಿ ಹಚ್ಚಲು ಶುರು ಮಾಡಿದ ಮೇಲೆ ನನ್ನ ಸಿಟ್ಟು ಇಳಿಯಿತು. ಉಗುರುಬೆಚ್ಚಗಿನ ನೀರಲ್ಲಿ ಐದು ನಿಮಿಷ ಸ್ನಾನ. ಟವೆಲ್ಲಿನಿಂದ ಒರೆಸುವುದಿಲ್ಲ, ಸುಮ್ನೆ ಒತ್ತುತ್ತೇನೆ. ತೋಳು ಇನ್ನೂ ಹಸಿ ಇರುವಾಗಲೇ ಎರಡೂ ತೋಳಿಗೆ ಕ್ರೀಮ್. ಆಮೇಲೆ ಫ್ಯಾನ್ ಕೆಳಗೆ ಹತ್ತು ನಿಮಿಷ ಕೂತು ಅವ್ವನಿಗೆ ಫೋನ್. ವ್ಯಾಕ್ಸಿಂಗ್ ಮಾಡಿಸಿದ ರಾತ್ರಿ ಮಾತ್ರ ಹಚ್ಚುವುದಿಲ್ಲ, ಚುರುಚುರು ಅನ್ನುತ್ತದೆ.

ಆರನೇ ವಾರಕ್ಕೆ ರವೆ ಹೋಗಿ ಮೈದಾ ಆಯಿತು. ಚುಕ್ಕೆಗಳ ಕಂದು ಬಣ್ಣ ಇನ್ನೂ ಇದೆ. ಡಿಸೆಂಬರಿನಲ್ಲಿ ತಂಗಿಯ ಮನೆಗೆ ಪುಣೆಗೆ ಹೋದಾಗ ಟ್ಯೂಬ್ ಮರೆತೆ. ಅಲ್ಲಿನ ಒಣಹವೆಗೆ ಎರಡು ವಾರದಲ್ಲಿ ಎಲ್ಲಾ ವಾಪಸ್. ಅಂದರೆ ಹಚ್ಚುತ್ತಲೇ ಇರಬೇಕು, ಖರ್ಚೂ ನಡೆಯುತ್ತಲೇ ಇರುತ್ತದೆ. 100 ಗ್ರಾಂ ಟ್ಯೂಬ್ ನನಗೆ ಐದಾರು ವಾರ ಬರುತ್ತದೆ. ಖಾಲಿ ಆಯಿತು ಅನ್ನಿಸಿದಾಗ ಕತ್ತರಿಯಿಂದ ನಡುವೆ ಕತ್ತರಿಸಿ, ಒಳಗೆ ಬೆರಳು ಹಾಕಿ ಸವರುತ್ತೇನೆ. ಇನ್ನೂ ನಾಲ್ಕು ದಿನಕ್ಕೆ ಆಗುವಷ್ಟು ಸಿಗುತ್ತದೆ.

ಮಗಳಿಗೂ ತೋಳಲ್ಲಿ ಇದೇ ತರಿ ಶುರುವಾಗಿದೆ. ಅವಳಿಗೆ ಯಾವುದು ಹಚ್ಚಬೇಕು ಅಂತ ಡಾಕ್ಟರನ್ನೇ ಕೇಳುತ್ತೇನೆ. ಕಡಲೆಹಿಟ್ಟು ಹಾಕಿ ತಿಕ್ಕಬೇಡ ಅಂತ ಅವ್ವನಿಗೆ ಈಗಲೇ ಹೇಳಿಟ್ಟಿದ್ದೇನೆ.