ಬರ್ನ್‌ಸ್ಟೈನ್ ಸಂಗೀತ ಪಾಠಗಳ ಡಿವಿಡಿ ಸೆಟ್: ಪಕ್ಕದಲ್ಲೊಂದು ಕೀಬೋರ್ಡ್ ಇರಲಿ

ಅಮೆರಿಕದ ವಾದ್ಯವೃಂದ ನಿರ್ದೇಶಕ ಲೆನಾರ್ಡ್ ಬರ್ನ್‌ಸ್ಟೈನ್ ನ್ಯೂಯಾರ್ಕ್ ಫಿಲ್ಹಾರ್ಮೋನಿಕ್ ವಾದ್ಯವೃಂದವನ್ನು ಕೂರಿಸಿಕೊಂಡು 1958ರಿಂದ 1972ರವರೆಗೆ ಸಿಬಿಎಸ್ ಟಿವಿಗೆ ನಡೆಸಿಕೊಟ್ಟ, ಮಕ್ಕಳಿಗೆ ಪಾಶ್ಚಾತ್ಯ ಸಂಗೀತ ಪರಿಚಯಿಸುವ ‘ಯಂಗ್ ಪೀಪಲ್ಸ್ ಕಾನ್ಸರ್ಟ್ಸ್’ ಕಂತುಗಳು ಒಟ್ಟು 53. ಈ ಒಂಬತ್ತು ಡಿಸ್ಕ್‌ಗಳ ಸೆಟ್ಟಿನಲ್ಲಿರುವುದು 25 ಮಾತ್ರ. ಕೊಳ್ಳುವ ಮೊದಲೇ ತಿಳಿದಿರಲಿ.

ಚಿತ್ರ ಹಳೆಯ 4:3 ಅಳತೆಯದು. ಟಿವಿ ಅದನ್ನು ಅಗಲಕ್ಕೆ ಎಳೆದರೆ ಚೆಲ್ಲೋ ನುಡಿಸುವವರೆಲ್ಲ ಊದಿಕೊಳ್ಳುತ್ತಾರೆ. ಸೆಟ್ಟಿಂಗ್‌ನಲ್ಲಿ 4:3ಕ್ಕೇ ಇಡಿ. ಧ್ವನಿ ಮೋನೊ, ಅಂದರೆ ಒಂದೇ ವಾಹಿನಿಯದು. ಸೌಂಡ್‌ಬಾರ್‌ನ ಸರೌಂಡ್ ಮೋಡ್ ಹಾಕಿದರೆ ಕೊಡದೊಳಗಿಂದ ಕೇಳಿದಂತಾಗುತ್ತದೆ, ಅದನ್ನು ಆರಿಸಿಬಿಡಿ.

ಎಲ್ಲರೂ ಮೊದಲ ಕಂತಿನಿಂದ ಶುರುಮಾಡುತ್ತಾರೆ. ರೊಸ್ಸೀನಿಯ ‘ವಿಲಿಯಂ ಟೆಲ್’ ಕೇಳಿದೊಡನೆ ಅಮೆರಿಕದ ಮಕ್ಕಳಿಗೆ ಅದನ್ನೇ ಶೀರ್ಷಿಕೆ ಸಂಗೀತವಾಗಿಸಿಕೊಂಡಿದ್ದ ಕೌಬಾಯ್ ಧಾರಾವಾಹಿ ‘ಲೋನ್ ರೇಂಜರ್’ ನೆನಪಾಗುವುದೇ ಅಲ್ಲಿನ ತಮಾಷೆ; ನಮ್ಮವರಿಗೆ ಅದು ತಟ್ಟುವುದಿಲ್ಲ. ಸ್ಟ್ರಾಸ್‌ನ ‘ಡಾನ್ ಕ್ವಿಕ್ಸೋಟ್’ ಸಂಗೀತಕ್ಕೆ ಸೂಪರ್‌ಮ್ಯಾನ್ ಕಥೆ ಹೊಂದಿಸಿ, ಆಮೇಲೆ ಅಸಲು ಕಥೆ ಹೇಳುವ ಭಾಗವಂತೂ ಯಾವ ಊರಿನ ಮಗುವಿಗೂ ಹಿಡಿಸುತ್ತದೆ.

ಕರ್ನಾಟಕ ಸಂಗೀತ ಬಲ್ಲವರು ನೇರ 1966ರ ‘ವಾಟ್ ಈಸ್ ಎ ಮೋಡ್?’ ಹಾಕಿ. ಮೋಡ್ ಎಂದರೆ ಒಂದೇ ಸ್ವರಗುಂಪನ್ನು ಬೇರೆ ಬೇರೆ ಸ್ವರದಿಂದ ಶುರುಮಾಡಿದಾಗ ಸಿಗುವ ಸ್ವರಸಾಲು. ಫ್ರೆಂಚ್ ಸಂಯೋಜಕ ಡೆಬ್ಯುಸಿ ತನಕ ಹೋಗುವ ಈ ಪಾಠವನ್ನು ಅಲ್ಲಲ್ಲಿ ನಿಲ್ಲಿಸಿ ಕೀಬೋರ್ಡಿನ ಬಿಳಿ ಕೀಗಳನ್ನಷ್ಟೇ ನುಡಿಸಿ ನೋಡಿ: ಸಿ ಷಡ್ಜ (ಸ) ಆದರೆ ಶಂಕರಾಭರಣ ರಾಗ, ಡಿ ಖರಹರಪ್ರಿಯ, ಇ ತೋಡಿ, ಎಫ್ ಕಲ್ಯಾಣಿ, ಜಿ ಹರಿಕಾಂಭೋಜಿ, ಎ ನಠಭೈರವಿ. ಬಿ ಇಂದ ಹೊರಟರೆ ಪಂಚಮವೇ (ಪ) ಸಿಗದು. ಷಡ್ಜ ಬದಲಿಸಿ ಬೇರೆ ರಾಗ ಹುಟ್ಟಿಸುವ ನಮ್ಮ ಗ್ರಹಭೇದವೇ ಇದು. ಆದರೆ ಸಿಗುವುದು ಮೇಳದ, ಅಂದರೆ ಮೂಲರಾಗದ, ಸ್ವರಗಳು ಮಾತ್ರ; ಗಮಕವಲ್ಲ. ಗಮಕದಲ್ಲಿ ಗಾಂಧಾರ (ಗ) ಅಲುಗದ ತೋಡಿಯನ್ನು ತೋಡಿ ಅನ್ನಲಾದೀತೆ?

ತೊಡಕಾಗುವುದು 1964ರ ಸೊನಾಟಾ ಪಾಠದಲ್ಲಿ. ರಾಗಸಾಲುಗಳು ಶ್ರುತಿ ಬದಲಿಸಿ ಹೋಗಿ ಮರಳುವ ರಚನಾಕ್ರಮ ಅದು. ಆಧಾರ ಷಡ್ಜ ಕದಲದ ಸಂಗೀತಕ್ಕೆ ಒಗ್ಗಿದ ಕಿವಿಗೆ, ಶ್ರುತಿ ಮನೆ ಬಿಟ್ಟು ಹೋಗಿ ಮರಳುವುದು ಗೊತ್ತೇ ಆಗುವುದಿಲ್ಲ. ಉಪಾಯವಿದೆ. ಅದರಲ್ಲಿ ಬರುವ ಮೊಜಾರ್ಟ್‌ನ ‘ಜುಪಿಟರ್’ ಸಿಂಫನಿಯ ಮೊದಲ ಭಾಗ ಸಿ ಮೇಜರ್‌ನದು, ಅಂದರೆ ಸಿ ಅನ್ನೇ ಷಡ್ಜವಾಗಿಸಿಕೊಂಡದ್ದು. ಕೀಬೋರ್ಡಿನಲ್ಲಿ ಸಿ ಕೀ ಒತ್ತಿ ಹಿಡಿದು ಮೆಲ್ಲಗೆ ತಂಬೂರಿಯಂತೆ ಮೊಳಗಿಸಿ. ಪಂಚಮವೇ ಹೊಸ ಷಡ್ಜವಾಗುವ ಎರಡನೆಯ ರಾಗಸಾಲಿನಲ್ಲಿ ಆ ಸಿ ಕಿವಿಗೆ ಚುಚ್ಚುತ್ತದೆ. ಕೊನೆಯಲ್ಲಿ ಅದೇ ರಾಗಸಾಲು ಸಿ ಗೆ ಇಳಿದು ಬಂದಾಗ ನೀವು ಮೊಳಗಿಸುತ್ತಿರುವ ಸಿ ಹೊಂದಿಕೊಂಡು ಸುಮ್ಮನೆ ಕೂತುಕೊಳ್ಳುತ್ತದೆ.