ತನಿಖೆ ವರ್ಗಾಯಿಸಿಕೊಡುವ ಭರವಸೆಗೆ ಹಣ ಕೊಡುವ ಮುನ್ನ

ವರದಕ್ಷಿಣೆ ಕಿರುಕುಳದ ದೂರು ಕೊಟ್ಟ ಹೆಣ್ಣುಮಕ್ಕಳ ಮನೆಯವರನ್ನು ಹುಡುಕಿಕೊಂಡು ಬಂದು, “ಅಲ್ಲಿಯ ಪೊಲೀಸರು ಗಂಡನ ಕಡೆಯವರು, ಸುಪ್ರೀಂ ಕೋರ್ಟಿನಿಂದ ತನಿಖೆಯನ್ನೇ ನಿಮ್ಮ ಜಿಲ್ಲೆಗೆ ತರಿಸಿಕೊಡುತ್ತೇವೆ” ಎಂದು ಹೇಳಿ ಶುಲ್ಕ ಪಡೆಯುವವರಿದ್ದಾರೆ. ನನ್ನ ತಂಗಿಯ ಪ್ರಕರಣದಲ್ಲಿ ಅಂಥ ಒಬ್ಬ ವಕೀಲರಿಂದ ನಮಗಾದ ನಷ್ಟದಲ್ಲಿ ಹಣದ ಪಾಲು ಸಣ್ಣದು. ಮರಳಿ ಸಿಗದಂತೆ ಹೋದದ್ದು ಸಾಕ್ಷ್ಯ.

ತಂಗಿಯ ಗಂಡನ ಮನೆ ಮಹಾರಾಷ್ಟ್ರದ ಒಂದು ನಗರದಲ್ಲಿದೆ. ಆಕೆ ಅಲ್ಲಿಂದ ಧಾರವಾಡ ಜಿಲ್ಲೆಯ ನಮ್ಮ ಮನೆಗೆ ಬಂದ ಮೇಲೂ ದೂರನ್ನು ಅಲ್ಲಿಯ ಠಾಣೆಯಲ್ಲಿಯೇ ಕೊಡಬೇಕೆಂದು ಹೇಳಿದವರು ಇದೇ ವಕೀಲರು. ಇದು ನಿಜವಲ್ಲ. ಗಂಡನ ಮನೆ ಬಿಟ್ಟು ಬಂದ ಹೆಂಡತಿಯು ತಾನು ಆಶ್ರಯ ಪಡೆದ ಊರಿನಲ್ಲಿಯೂ, ಅಲ್ಲಿ ಹೊಸದಾಗಿ ಕಿರುಕುಳ ನಡೆಯದಿದ್ದರೂ, ಪರಿಸ್ಥಿತಿಗೆ ಅನುಗುಣವಾಗಿ ಗಂಡ ಮತ್ತು ಅವನ ಕಡೆಯವರ ಕ್ರೌರ್ಯವನ್ನು ಶಿಕ್ಷಿಸುತ್ತಿದ್ದ ಆಗಿನ ಭಾರತೀಯ ದಂಡ ಸಂಹಿತೆಯ ಕಲಂ 498ಎ (ಈಗ ಭಾರತೀಯ ನ್ಯಾಯ ಸಂಹಿತೆಯ ಕಲಂ 85) ಅಡಿಯಲ್ಲಿ ದೂರು ಕೊಡಬಹುದೆಂದು ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠವು 2019ರ ಏಪ್ರಿಲ್‌ನಲ್ಲಿ ರೂಪಾಲಿ ದೇವಿ ಪ್ರಕರಣದಲ್ಲಿ ಸ್ಪಷ್ಟವಾಗಿ ಹೇಳಿದೆ. ಒಮ್ಮೆ ಒಂದು ಕಡೆ ಎಫ್‌ಐಆರ್ ದಾಖಲಾದರೆ ಅದೇ ಘಟನೆಗಳ ಬಗ್ಗೆ ಇನ್ನೊಂದು ಕಡೆ ಎರಡನೆಯ ಎಫ್‌ಐಆರ್ ಮಾಡಿಸುವುದಕ್ಕೆ ಕಾನೂನಿನ ಅಡ್ಡಿ ಬರುತ್ತದೆ. ಆದ್ದರಿಂದ ಎಲ್ಲಿ ದೂರು ಕೊಡಬೇಕೆಂಬುದು ಮೊದಲ ದಿನವೇ ನಿರ್ಧಾರವಾಗಬೇಕಾದ ವಿಷಯ.

ಆ ಠಾಣೆಯ ತನಿಖಾಧಿಕಾರಿ ಉದಾಸೀನ ತೋರಿದಾಗ ವಕೀಲರು ವರ್ಗಾವಣೆ ಅರ್ಜಿಯ ಮಾತೆತ್ತಿದರು. ಹೆಂಡತಿಯ ಕೋರಿಕೆಯ ಮೇರೆಗೆ ಸುಪ್ರೀಂ ಕೋರ್ಟು ಪ್ರಕರಣಗಳನ್ನು ಆಕೆಯ ತವರಿನ ಊರಿಗೆ ವರ್ಗಾಯಿಸಿದ ಆದೇಶಗಳ ಒಂದು ಕಟ್ಟನ್ನೇ ನಮ್ಮ ಮುಂದಿಟ್ಟರು. ಆದೇಶಗಳು ಅಸಲಿಯೇ ಆಗಿದ್ದವು. ಆದರೆ ಅವೆಲ್ಲವೂ ವಿಚ್ಛೇದನದ ಅರ್ಜಿಗಳಿಗೆ ಸಂಬಂಧಿಸಿದವು. ಸಿವಿಲ್ ಪ್ರಕ್ರಿಯಾ ಸಂಹಿತೆಯ 25ನೇ ಕಲಮಿನ ಅಡಿಯಲ್ಲಿ, ನ್ಯಾಯಾಲಯದಲ್ಲಿ ನಡೆಯುತ್ತಿರುವ ಮೊಕದ್ದಮೆಯನ್ನು ಮತ್ತೊಂದು ನ್ಯಾಯಾಲಯಕ್ಕೆ ಕಳುಹಿಸಿದವು. ಪೊಲೀಸ್ ತನಿಖೆಗೂ ಅವಕ್ಕೂ ಸಂಬಂಧವೇ ಇಲ್ಲ. ಕಾನೂನು ಓದದವರಿಗೆ ಈ ವ್ಯತ್ಯಾಸ ಕಾಣುವುದಿಲ್ಲ ಎಂಬುದರ ಮೇಲೆಯೇ ಈ ವ್ಯವಹಾರ ನಿಂತಿದೆ.

ಕ್ರಿಮಿನಲ್ ಪ್ರಕರಣಗಳನ್ನು ರಾಜ್ಯದಿಂದ ರಾಜ್ಯಕ್ಕೆ ವರ್ಗಾಯಿಸುವ ಅಧಿಕಾರ ಹಿಂದೆ ಸಿಆರ್‌ಪಿಸಿ ಎಂಬ ಕ್ರಿಮಿನಲ್ ಪ್ರಕ್ರಿಯಾ ಸಂಹಿತೆಯ 406ನೇ ಕಲಮಿನಲ್ಲಿತ್ತು, 2024ರ ಜುಲೈ 1ರಿಂದ ಅದರ ಬದಲಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 446ನೇ ಕಲಮಿನಲ್ಲಿದೆ. 406ನೇ ಕಲಂ ನ್ಯಾಯಾಲಯದ ಮುಂದಿರುವ ಪ್ರಕರಣಕ್ಕೆ ಅನ್ವಯಿಸುತ್ತದೆಯೇ ಹೊರತು ಒಂದು ಠಾಣೆಯ ತನಿಖೆಯನ್ನು ಇನ್ನೊಂದಕ್ಕೆ ಕಳುಹಿಸಲು ಅಧಿಕಾರ ಕೊಡುವುದಿಲ್ಲವೆಂದು ಸುಪ್ರೀಂ ಕೋರ್ಟು 1978ರಲ್ಲಿಯೇ ರಾಮ್ ಚಂದರ್ ಸಿಂಗ್ ಸಾಗರ್ ಪ್ರಕರಣದಲ್ಲಿ ತೀರ್ಮಾನಿಸಿದೆ. ಅಷ್ಟು ಹಳೆಯ ತೀರ್ಪು ದೆಹಲಿಯಲ್ಲಿ ಅರ್ಜಿ ಹಾಕಿಸುವ ವಕೀಲರಿಗೆ ಗೊತ್ತಿರಲಿಲ್ಲವೆಂದರೆ ನಾನು ನಂಬುವುದಿಲ್ಲ. ನಮ್ಮ ಅರ್ಜಿ ಮೊದಲ ವಿಚಾರಣೆಗೆ ಬಂದ ದಿನವೇ, ವಜಾ ಆಗುವುದನ್ನು ತಪ್ಪಿಸಲು ಅವರು ಅದನ್ನು ಹಿಂಪಡೆದರು. ಶುಲ್ಕ ಹಿಂದಿರುಗಲಿಲ್ಲ.

ಅರ್ಜಿ ಬಾಕಿ ಇದ್ದ ತಿಂಗಳುಗಳಲ್ಲಿ ನಡೆದದ್ದನ್ನು ಸ್ವಲ್ಪ ವಿವರವಾಗಿ ಹೇಳಬೇಕು. ತಡೆಯಾಜ್ಞೆ ಇಲ್ಲದಿದ್ದರೆ ಮೇಲಿನ ನ್ಯಾಯಾಲಯದಲ್ಲಿ ಅರ್ಜಿ ಇದೆ ಎಂಬ ಕಾರಣಕ್ಕೆ ತನಿಖೆ ನಿಲ್ಲಬೇಕಾಗಿಲ್ಲ; ಆದರೂ ತನಿಖಾಧಿಕಾರಿಗೆ ಅದು ಒಳ್ಳೆಯ ನೆಪವಾಯಿತು. ತಂಗಿಯನ್ನು ರಾತ್ರಿ ಹೊರಗೆ ಹಾಕಿದ ದೃಶ್ಯವಿದ್ದ ಅಪಾರ್ಟ್‌ಮೆಂಟಿನ ಸಿಸಿಟಿವಿ ದಾಖಲೆ ಅಳಿಸಿಹೋಯಿತು. ಬ್ಯಾಂಕಿನ ಲಾಕರ್‌ನಲ್ಲಿದ್ದ ಆಕೆಯ ಒಡವೆಗಳನ್ನು ಅಷ್ಟರೊಳಗೆ ತೆಗೆಯಲಾಗಿತ್ತು. ಪೆಟ್ಟುಗಳನ್ನು ಕಣ್ಣಾರೆ ಕಂಡಿದ್ದ ಪಕ್ಕದ ಮನೆಯ ಬಾಡಿಗೆದಾರರು ಹೇಳಿಕೆ ಕೊಡುವ ಮೊದಲೇ ಊರು ಬಿಟ್ಟಿದ್ದರು.

ತನಿಖಾ ಸಂಸ್ಥೆಯನ್ನು ಬದಲಿಸುವ ಅಧಿಕಾರ ಸಾಂವಿಧಾನಿಕ ನ್ಯಾಯಾಲಯಗಳಿಗೆ, ಅಂದರೆ ಹೈಕೋರ್ಟು ಮತ್ತು ಸುಪ್ರೀಂ ಕೋರ್ಟಿಗೆ, ಇದೆ, ಅದನ್ನು ನಾನು ಅಲ್ಲಗಳೆಯುತ್ತಿಲ್ಲ. ಆದರೆ ಪೊಲೀಸರ ಮೇಲೆ ಆರೋಪ ಮಾಡಿದ ಮಾತ್ರಕ್ಕೆ ತನಿಖೆಯನ್ನು ಸಿಬಿಐಗೆ ಒಪ್ಪಿಸಲಾಗದು, ಅಪರೂಪದ ಸಂದರ್ಭಗಳಲ್ಲಿ ಮಾತ್ರ ಈ ಅಧಿಕಾರ ಬಳಸಬೇಕೆಂದು ಸುಪ್ರೀಂ ಕೋರ್ಟಿನ ಸಂವಿಧಾನ ಪೀಠವು 2010ರಲ್ಲಿ ಪಶ್ಚಿಮ ಬಂಗಾಳದ ಪ್ರಕರಣದಲ್ಲಿ ಎಚ್ಚರಿಸಿದೆ. ನಮ್ಮಂಥ ಸಾಮಾನ್ಯ ಕುಟುಂಬಗಳಿಗೆ ಅದಕ್ಕಿಂತ ಹತ್ತಿರದ ದಾರಿ ಮ್ಯಾಜಿಸ್ಟ್ರೇಟರದು. ಎಫ್‌ಐಆರ್ ದಾಖಲಾದ ಮೇಲೂ ಸರಿಯಾದ ತನಿಖೆ ನಡೆಯದಿದ್ದರೆ, ಹೈಕೋರ್ಟಿಗೆ ಓಡುವ ಬದಲು ಮ್ಯಾಜಿಸ್ಟ್ರೇಟರ ಬಳಿಗೆ ಹೋಗಬೇಕು, ಅವರು ತನಿಖೆಯ ಮೇಲೆ ನಿಗಾ ಇಡಬಹುದು ಎಂದು ಸಕೀರಿ ವಾಸು ಪ್ರಕರಣದ ಸುಪ್ರೀಂ ಕೋರ್ಟ್ ತೀರ್ಪು ಹೇಳುತ್ತದೆ. ಮ್ಯಾಜಿಸ್ಟ್ರೇಟರಿಗೆ ಈ ಅಧಿಕಾರ ಕೊಡುವ ಸಿಆರ್‌ಪಿಸಿಯ ಕಲಂ 156(3) ಈಗ ನಾಗರಿಕ ಸುರಕ್ಷಾ ಸಂಹಿತೆಯ 175(3) ಆಗಿದೆ. ಇದನ್ನು ನಮಗೆ ತಿಳಿಸಿದವರು ಎರಡನೆಯ ವಕೀಲರು. ಅವರ ಮೂಲಕ ಹಾಕಿದ ಅರ್ಜಿಯ ಮೇಲೆ ಅಲ್ಲಿಯ ಮ್ಯಾಜಿಸ್ಟ್ರೇಟರು ತನಿಖಾಧಿಕಾರಿಯಿಂದ ವರದಿ ತರಿಸಿಕೊಂಡ ನಂತರವೇ ಲಾಕರ್‌ನ ದಾಖಲೆಗಳಿಗಾಗಿ ಬ್ಯಾಂಕಿಗೆ ಪತ್ರ ಹೋಯಿತು.

ದೋಷಾರೋಪ ಪಟ್ಟಿ ಸಲ್ಲಿಕೆಯಾಗಿ ಪ್ರಕರಣ ನ್ಯಾಯಾಲಯಕ್ಕೆ ಬಂದ ಮೇಲೆ, ವಿಚಾರಣೆಯನ್ನು ನಮ್ಮ ಜಿಲ್ಲೆಗೆ ವರ್ಗಾಯಿಸುವಂತೆ 446ರ ಅಡಿಯಲ್ಲಿ ಕೇಳುವ ಅವಕಾಶ ತಂಗಿಗೆ ಆಗ ಇರುತ್ತದೆ. ಪೊಲೀಸರು ಬಿ ರಿಪೋರ್ಟ್ ಮಾದರಿಯ ಮುಕ್ತಾಯ ವರದಿ ಹಾಕಿದರೆ, ಅದನ್ನು ಒಪ್ಪಿಕೊಳ್ಳುವ ಮುನ್ನ ದೂರುದಾರರಿಗೆ ನೋಟಿಸು ಕೊಟ್ಟು ಅವರ ಮಾತು ಕೇಳಬೇಕೆಂಬ ತೀರ್ಪು 1985ರಿಂದಲೂ ಇದೆ.

ವರ್ಗಾವಣೆಯ ಭರವಸೆ ಕೊಡುವವರು ನಿಮ್ಮ ಮುಂದೆ ಆದೇಶಗಳ ಪ್ರತಿ ಇಟ್ಟರೆ, ಅದರಲ್ಲಿ ವರ್ಗಾವಣೆಯಾದದ್ದು ತನಿಖೆಯೋ, ನ್ಯಾಯಾಲಯದ ಮೊಕದ್ದಮೆಯೋ, ಯಾವ ಕಲಮಿನ ಅಡಿಯಲ್ಲಿ ಎಂಬುದನ್ನು ಬರೆದುಕೊಡಲು ಕೇಳಿರಿ. ಬರೆದುಕೊಟ್ಟದ್ದನ್ನು ನಿಮ್ಮ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದ ವಕೀಲರಿಗೆ ತೋರಿಸಿರಿ; 1987ರ ಕಾಯ್ದೆಯ ಪ್ರಕಾರ ಮಹಿಳೆಯರಿಗೆ ಆದಾಯದ ಮಿತಿಯಿಲ್ಲದೆ ಅಲ್ಲಿ ಉಚಿತ ನೆರವು ಸಿಗುತ್ತದೆ, ಸಹಾಯವಾಣಿಯ ಸಂಖ್ಯೆ 15100.